ಅಂಜಲೈಯ ಧೂಳು

ಪೂವರಸಿಯ ಬಲಗೈ ಮಣಿಕಟ್ಟಿಗೆ ಪಟ್ಟಿ ಬಿಗಿದು ಎರಡು ತಿಂಗಳಾಗಿತ್ತು. ಬಿಚ್ಚಿದರೆ ಮೌಸ್ ಹಿಡಿಯಲು ಆಗುತ್ತಿರಲಿಲ್ಲ. ಚೆನ್ನೈನ ಸಾಲಿಗ್ರಾಮದ ಆ ಎರಡನೇ ಮಹಡಿಯಲ್ಲಿ ಹದಿನೇಳು ಜನ ಹೀಗೇ ಕೂತು ಸಿನಿಮಾಗಳಿಗೆ ಹೊಗೆ, ಬೆಂಕಿ, ಧೂಳು ಎಬ್ಬಿಸುತ್ತಿದ್ದರು. ಎಸಿ ಇದ್ದದ್ದು ಯಂತ್ರಗಳ ಕೋಣೆಗೆ. ಮನುಷ್ಯರಿಗೆ ಫ್ಯಾನು. ಯಂತ್ರ ಕೆಟ್ಟರೆ ನಷ್ಟ, ಮನುಷ್ಯ ಕೆಟ್ಟರೆ ಇನ್ನೊಬ್ಬ ಬರುತ್ತಾನಲ್ಲ!

ಹೀರೋ ನೆಲಕ್ಕೆ ಗುದ್ದಿದಾಗ ಏಳುವ ಧೂಳನ್ನು ಪ್ರತಿ ಸಲ ಹೊಸದಾಗಿ ಮಾಡುವುದಿಲ್ಲ. ಎಷ್ಟು ಕಣ, ಎಷ್ಟು ವೇಗ, ಎಷ್ಟು ಹೊತ್ತು ತೇಲಬೇಕು ಎಂದು ಒಮ್ಮೆ ಫೈಲಿನಲ್ಲಿ ಬರೆದಿಟ್ಟರೆ ಸಾಕು, ಯಾವ ಸಿನಿಮಾದಲ್ಲಿ ಕರೆದರೂ ಎದ್ದು ಬರುತ್ತದೆ. ಅಂಥ ಎಂಟುನೂರು ಫೈಲುಗಳ ಲೈಬ್ರರಿಯನ್ನು ಇವರೇ ಒಂಬತ್ತು ವರ್ಷ ಕೂತು ಕಟ್ಟಿದ್ದರು. ಮಾಡಿದವರೇ ಹೆಸರಿಡುವುದು ಅಲ್ಲಿನ ರೂಢಿ. ಇರುದಯರಾಜ್ ತನ್ನ ಬೆಂಕಿಗೆ ಮಗಳ ಹೆಸರು ಸ್ಟೆಲ್ಲಾ ಎಂದಿಟ್ಟ. ಪೂವರಸಿ ತನ್ನ ಧೂಳಿಗೆ ಅಂಜಲೈ ಎಂದಿಟ್ಟಳು.

ಅಂಜಲೈ ಅವಳ ತಾಯಿ. ತಿರುಸೂಲದ ಕಲ್ಲು ಒಡೆಯುವ ಕ್ರಷರಿನಲ್ಲಿ ಇಪ್ಪತ್ತು ವರ್ಷ ಜಲ್ಲಿ ಹೊತ್ತು, ಕೆಮ್ಮಿ ಕೆಮ್ಮಿ ಸತ್ತವಳು. ದಪ್ಪ ಪುಡಿ ಬೇಗ ಬೀಳುತ್ತದೆ, ಸಣ್ಣದು ಗಾಳಿಯಲ್ಲೇ ನಿಲ್ಲುತ್ತದೆ, ಎದೆಗಿಳಿಯುವುದು ಆ ಸಣ್ಣದೇ. ಪೂವರಸಿ ಇದನ್ನು ಯಾವ ಕಾಲೇಜಿನಲ್ಲೂ ಕಲಿಯಲಿಲ್ಲ.

ಗೆದ್ದಲು ಕಟ್ಟಿದ ಹುತ್ತ ಹಾವಿಗೆ ಮನೆ ಅನ್ನುತ್ತಾರಲ್ಲ, ಹಾಗೇ ಆಯಿತು. ಮಾಲೀಕ ಭಕ್ತವತ್ಸಲನ್ ಲೈಬ್ರರಿಯನ್ನು ಸಿಂಗಾಪುರದವರಿಗೆ ಮಾರಲು ಹೊರಟ. ಬುಧವಾರ ಎಲ್ಲರ ಮುಂದೆ ಒಂದೊಂದು ಕಾಗದ ಬಂತು. 'ಈ ಫೈಲುಗಳನ್ನೆಲ್ಲ ಮಾಡಿದವರು ಭಕ್ತವತ್ಸಲನ್. ಇದರಲ್ಲಿ ನನ್ನದು ಏನೂ ಇಲ್ಲ.'

"ಸಾರ್, ನಾಳೆ ಬೇರೆ ಕಡೆ ಕೆಲಸ ಕೇಳೋಕೆ ಹೋದ್ರೆ ಏನ್ ಮಾಡಿದ್ದೀಯಾ ಅಂತಾರೆ. ಏನು ತೋರಿಸ್ಲಿ?" ಎಂದಳು ಪೂವರಸಿ.

"ಬೇರೆ ಕಡೆ ಯಾಕಮ್ಮಾ? ನಾನಿಲ್ವಾ?" ಭಕ್ತವತ್ಸಲನ್ ನಕ್ಕ.

"ಇದನ್ನ ಮಾರಿದ ಮೇಲೆ ನಮಗೆ ಇಲ್ಲಿ ಏನು ಕೆಲಸ ಸಾರ್?"

ಅವನ ನಗು ಆರಿತು. "ಸಹಿ ಹಾಕ್ದೋರಿಗೆ ಅನುಭವದ ಪತ್ರ. ಹಾಕ್ದೇ ಇರೋರಿಗೆ ಬಾಗಿಲು. ಅಷ್ಟೇ."

ಹದಿನಾರು ಜನ ಸಹಿ ಹಾಕಿದರು. ಇರುದಯರಾಜ್ ಅವಳ ಮುಖ ನೋಡದೆ, "ಮೂರು ಮಕ್ಕಳು ತಂಗಚ್ಚಿ, ಬೈಬೇಡ" ಎಂದ. ಅವಳು ಬೈಯಲಿಲ್ಲ. ಸಹಿ ಹಾಕದ ಕಾಗದವನ್ನು ಮಡಚಿಟ್ಟಳು. ಅವಳಿಗೆ ಶುಕ್ರವಾರ ಸಂಜೆಯವರೆಗೆ ಗಡುವು ಸಿಕ್ಕಿತು.

ಶುಕ್ರವಾರ ಹನ್ನೊಂದಕ್ಕೆ ಸಿಂಗಾಪುರದವರು ಬರುವವರಿದ್ದರು. ಬೆಳಿಗ್ಗೆ ಭಕ್ತವತ್ಸಲನ್ ತಾನೇ ಕೂತು ಹೆಸರುಗಳನ್ನೆಲ್ಲ ಅಳಿಸಿದ. ಅಂಜಲೈ ಹೋಗಿ 'ಧೂಳು ಒಂದು' ಆಯಿತು, ಸ್ಟೆಲ್ಲಾ ಹೋಗಿ 'ಬೆಂಕಿ ಒಂದು' ಆಯಿತು. ಯಾರನ್ನೂ ಒಂದು ಮಾತು ಕೇಳಲಿಲ್ಲ. ಮಾಲೀಕ ಕೂಲಿಯವರನ್ನು ಕೇಳುವುದೇ?

ಹನ್ನೊಂದಕ್ಕೆ ಬಂದವರಿಗೆ ಮಾದರಿ ತೋರಿಸುವಾಗ ಒಳಕೋಣೆಯ ದೊಡ್ಡ ಪರದೆಯಲ್ಲಿ ಕೋಟೆ ಉರುಳಿತು. ಗೋಡೆ ಬಿತ್ತು, ಕಂಬ ಬಿತ್ತು, ಒಂದು ಕಣ ಧೂಳೂ ಏಳಲಿಲ್ಲ! ಮಕ್ಕಳು ಆಟದ ಇಟ್ಟಿಗೆ ಬೀಳಿಸಿದ ಹಾಗಿತ್ತು. ಬಂದವರು ಮುಖ ಮುಖ ನೋಡಿಕೊಂಡರು.

ಭಕ್ತವತ್ಸಲನ್ ಬೆವರುತ್ತ ಹೊರಗೆ ಪೂವರಸಿಯ ಬಳಿಗೆ ಓಡಿಬಂದ. "ಏನೇ ಮಾಡ್ದೆ?"

"ನಾನೇನೂ ಮಾಡಿಲ್ಲ ಸಾರ್. ಒಂದು ಫೈಲು ಇನ್ನೊಂದನ್ನ ಹೆಸರು ಹಿಡಿದೇ ಕರೆಯೋದು. ಕೋಟೆ ಬಿದ್ದಾಗ ಅದು ಅಂಜಲೈ ಅಂತ ಕೂಗ್ತು. ನೀವು ಆ ಹೆಸರನ್ನೇ ತೆಗೆದುಬಿಟ್ರಿ. ಯಾರು ಬರ್ತಾರೆ?"

"ಈಗ ಆ ಹೆಸರು ಹಾಕು. ಅವರು ಹೋದ ಮೇಲೆ ತೆಗೆದ್ರಾಯ್ತು."

"ಹಾಕ್ತೀನಿ. ಆ ಕಾಗದದಲ್ಲೂ ಮಾಡಿದವರು ಅಂತ ಹಾಕಿ. ಹದಿನೇಳು ಹೆಸರೂ."

"ಜಲ್ಲಿ ಹೊರೋಳ ಮಗಳಿಗೆ ಇಷ್ಟು ಕೊಬ್ಬಾ?"

ಪೂವರಸಿಯ ಕಣ್ಣಲ್ಲಿ ನೀರು ಬಂತು. ಅವಳು ಕುರ್ಚಿ ಬಿಟ್ಟು ಎದ್ದಳು. "ಹೌದು ಸಾರ್, ಅಷ್ಟಿದೆ."

"ಇರುದಯಂ! ನೀನು ಮಾಡೋ."

ಇರುದಯರಾಜ್ ಕೀಲಿಮಣೆಯ ಮೇಲೆ ಬೆರಳಿಟ್ಟ. ಎಲ್ಲರೂ ಅವನನ್ನೇ ನೋಡುತ್ತಿದ್ದರು. ಅವನು ಮೆಲ್ಲಗೆ ಎರಡೂ ಕೈ ತೆಗೆದು ತೊಡೆಯ ಮೇಲಿಟ್ಟುಕೊಂಡ.

"ನಂಗೆ ಹೇಗೆ ಬರುತ್ತೆ ಸಾರ್? ಎಲ್ಲಾ ಮಾಡಿದ್ದು ನೀವೇ ಅಂತ ಬರೆದು ಕೊಟ್ಟಿದ್ದೀನಲ್ಲ."

ಹಿಂದಿನ ಸಾಲಿನಲ್ಲಿ ಒಬ್ಬಳು ಕೀಲಿಮಣೆಯಿಂದ ಕೈ ತೆಗೆದಳು. ಪಕ್ಕದವನೂ ತೆಗೆದ. ಆಮೇಲೆ ಉಳಿದವರು. ಸಂಜೆಯೊಳಗೆ ಎಲ್ಲರ ಕೆಲಸ ಹೋಗುತ್ತದೆಂದು ಎಲ್ಲರಿಗೂ ಗೊತ್ತಿತ್ತು. ಆದರೂ ಒಬ್ಬರೂ ಮತ್ತೆ ಕೀಲಿಮಣೆಗೆ ಕೈ ಇಡಲಿಲ್ಲ.

ಒಳಗಿನಿಂದ ಸಿಂಗಾಪುರದವನು ಕರೆದ. ಇರುದಯರಾಜ್ ತನ್ನ ಕುರ್ಚಿಯನ್ನು ಭಕ್ತವತ್ಸಲನ್ ಕಡೆಗೆ ತಳ್ಳಿದ.

"ಕೂತ್ಕೊಳ್ಳಿ ಸಾರ್. ಮಾಡಿ ತೋರಿಸಿ."