ಜೋರಾಗಿ ಹೇಳಮ್ಮ

ಬಸ್ಸಿನಲ್ಲಿ ಕಿಟಕಿ ಪಕ್ಕದ ಸೀಟು ಸಿಕ್ಕ ಮೇಲೆ ಟೀಚರಮ್ಮ ಅಕ್ಕನಿಗೆ ಫೋನ್ ಮಾಡಿದರು. ನಿವೃತ್ತರಾಗಿ ವರ್ಷಗಳೇ ಕಳೆದಿದ್ದರೂ ಬೀದಿಯವರಿಗೆಲ್ಲ ಅವರು ಈಗಲೂ ಟೀಚರಮ್ಮನೇ. ಒಂದು ಕೈಯಲ್ಲಿ ಫೋನು, ಇನ್ನೊಂದು ಕೈ ಬಾಯಿಗೆ ಅಡ್ಡ. ತಿಂಡಿ ಆಯಿತೇ, ಮಾತ್ರೆ ನುಂಗಿದೆಯಾ ಎಂದು ಮನೆಮಾತಿನಲ್ಲಿ ಕೇಳಿದರು.

"ಏನು? ಏನಂದೆ?" ಎಂದಳು ಅಕ್ಕ.

ಇನ್ನೊಮ್ಮೆ ಕೇಳಿದರು. ಅಕ್ಕನ ಕಿವಿ ಈಚೆಗೆ ತೀರ ಮಂದವಾಗಿತ್ತು. ಕೊನೆಗೆ ಟೀಚರಮ್ಮ ಬಾಯಿಂದ ಕೈ ತೆಗೆದು, ಸರ್ಕಾರಿ ಭಾಷೆಗೆ ಹೊರಳಿ, "ತಿಂಡಿ ಆಯ್ತೇನಕ್ಕ?" ಎಂದು ಗಟ್ಟಿಯಾಗಿ ಕೇಳಿದರು.

"ಆಯ್ತು, ಆಯ್ತು. ಮೊದಲೇ ಹೀಗೆ ಕೇಳೋಕೇನಾಗಿತ್ತು ನಿಂಗೆ?"

ಈಗೀಗ ದಿನವೂ ಹೀಗೆಯೇ. ಅಕ್ಕತಂಗಿಯರು ಹುಟ್ಟಿದಂದಿನಿಂದ ಆಡಿದ ಮಾತು ಈಗ ಅವರ ನಡುವೆ ಅರ್ಧ ನಿಮಿಷವೂ ನಿಲ್ಲುತ್ತಿರಲಿಲ್ಲ. ಟೀಚರಮ್ಮ ಅದನ್ನು ಅಕ್ಕನ ಕಿವಿಯ ದೋಷವೆಂದೇ ತಿಳಿದಿದ್ದರು.

ಬಸ್ಸಿಳಿದು ಕಚೇರಿಯ ಮೆಟ್ಟಿಲು ಹತ್ತುವಷ್ಟರಲ್ಲಿ ಮಂಡಿ ನೋಯತೊಡಗಿತು. ಊರಿನವರು 'ಆಚೆಕಡೆಯವರು' ಎಂದು ಕರೆಯುವ ಜನರಿಗೆ ಸರ್ಕಾರ ತರಬೇತಿ ಶಾಲೆಗಳಲ್ಲಿ ಕೆಲವು ಸೀಟು ಮೀಸಲಿಟ್ಟಿತ್ತು. ಸೀಟು ಬೇಕೆಂದರೆ ಆ ಜನಾಂಗದವರೆಂಬ ಪ್ರಮಾಣಪತ್ರ ಬೇಕು. ಅದಕ್ಕೆ ಆ ಜನರ ಮನೆಮಾತು ಬರುತ್ತದೆಂದು ತೋರಿಸಬೇಕು. ಟೀಚರಮ್ಮನೂ ಆಚೆಕಡೆಯವರೇ ಆದ್ದರಿಂದ ಪ್ರಶ್ನೆ ಕೇಳುವ ಕೆಲಸ ಅವರದು. ಪಕ್ಕದಲ್ಲಿ ಕೂತ ಅಧಿಕಾರಿಗೆ ಆ ಭಾಷೆಯ ಗಂಧಗಾಳಿ ಇರಲಿಲ್ಲ. ಅವರ ಕೆಲಸ ಮಾತನ್ನು ರೆಕಾರ್ಡ್ ಮಾಡಿ ಕೇಂದ್ರ ಕಚೇರಿಗೆ ಕಳಿಸುವುದು. ದನಿ ಸರಿಯಾಗಿ ಕೇಳಿಸದಿದ್ದರೆ ಇಲ್ಲಿ ಕೊಟ್ಟ ಪ್ರಮಾಣಪತ್ರವನ್ನೂ ಅಲ್ಲಿ ರದ್ದು ಮಾಡುತ್ತಿದ್ದರು.

ಬೆಳಗಿನಿಂದ ಬಂದವರೆಲ್ಲ ಕೋಚಿಂಗ್ ತರಗತಿಯಲ್ಲಿ ಕಲಿತ ಒಂದೇ ಪಾಠ ಒಪ್ಪಿಸಿದ್ದರು. ತಲೆಗೆ ಎಣ್ಣೆ ಹಚ್ಚಿ ಬಾಚಿಕೊಂಡಿದ್ದ ಒಬ್ಬ ಯುವಕನಂತೂ ರೈಲು ನಿಲ್ದಾಣದ ಪ್ರಕಟಣೆಯ ಹಾಗೆ ಗಂಟಲು ತೆರೆದು ಹೇಳಿದ. ನಿಮ್ಮ ಮನೆಯಲ್ಲಿ ಮಗು ಅತ್ತರೆ ಏನೆಂದು ಸಮಾಧಾನ ಮಾಡುತ್ತಾರೆ ಎಂದು ಟೀಚರಮ್ಮ ಆ ಭಾಷೆಯಲ್ಲಿ ಕೇಳಿದ್ದಕ್ಕೆ ಅವನು ಪಾಠವನ್ನು ಮತ್ತೆ ಮೊದಲಿನಿಂದ ಶುರುಮಾಡಿದ. ವಾದಿಸಲು ಅವರಿಗೆ ತ್ರಾಣವಿರಲಿಲ್ಲ. ಸಹಿ ಹಾಕಿದರು.

"ಇವನು ಗ್ಯಾರಂಟಿ ನಿಮ್ಮೋನೇ ಬಿಡಿ ಮೇಡಂ. ಎಂಥಾ ಗಂಟಲು," ಎಂದರು ಅಧಿಕಾರಿ.

ಬಿಸಿನೀರಿನ ಲೋಟ ಇಡುತ್ತಿದ್ದ ಜವಾನ, "ಇಲ್ಲಿ ಜೋರಾಗಿ ಮಾತಾಡೋದು ಆ ಫ್ಯಾನು, ಅದಕ್ಕೂ ಒಂದು ಸೀಟು ಕೊಟ್ಟುಬಿಡಿ ಸಾರ್," ಎಂದ. ಫ್ಯಾನು ಕಟಕಟ ಎನ್ನುತ್ತಲೇ ಇತ್ತು. ಹೊರಗೆ ಬಿಸಿಲಲ್ಲಿ ಕಾಯುತ್ತಿದ್ದವರ ಬೆಂಚನ್ನು ಅವನು ಆಗಲೇ ಯಾರೂ ಹೇಳದೆ ನೆರಳಿಗೆ ಎಳೆದು ಬಂದಿದ್ದ.

ಮಧ್ಯಾಹ್ನ ಊಟದ ಹೊತ್ತು ಮೀರಿದ ಮೇಲೆ ಒಬ್ಬ ಹುಡುಗಿ ಒಳಗೆ ಬಂದಳು. ತಾಯಿ ಬಟ್ಟೆ ಇಸ್ತ್ರಿ ಮಾಡುವವಳು. ಹುಡುಗಿಗೆ ನರ್ಸ್ ತರಬೇತಿಯ ಸೀಟು ಬೇಕಿತ್ತು. ಶಾಲೆಗೆ ಪ್ರಮಾಣಪತ್ರ ಸಲ್ಲಿಸಲು ನಾಳೆಯೇ ಕೊನೆಯ ದಿನ. ಮುಂದಿನ ವರ್ಷಕ್ಕೆ ವಯಸ್ಸು ಮೀರುತ್ತದೆ.

ಬೆಳಗ್ಗೆ ಎದ್ದು ಏನೇನು ಕೆಲಸ ಮಾಡುತ್ತೀ ಎಂದು ಟೀಚರಮ್ಮ ಕಾಗದ ನೋಡಿಕೊಂಡು ಕೇಳಿದರು. ಹುಡುಗಿ ಮೇಜಿನ ಅಂಚು ಹಿಡಿದಳು. ತುಟಿ ಅಲ್ಲಾಡಿತು. ದನಿ ಹೊರಡಲಿಲ್ಲ.

"ಜೋರಾಗಿ ಹೇಳಮ್ಮ," ಎಂದರು ಅಧಿಕಾರಿ.

ಮತ್ತೆ ತುಟಿ ಅಲ್ಲಾಡಿತು. ಕಟಕಟ ಸದ್ದು ಬಿಟ್ಟರೆ ಬೇರೇನಿಲ್ಲ.

"ಗಂಟಲು ಸರಿಯಿಲ್ವಾ? ನೀರು ಬೇಕಾ?" ಅಧಿಕಾರಿ ತಮ್ಮ ಲೋಟವನ್ನೇ ಮುಂದಕ್ಕೆ ಸರಿಸಿದರು.

"ಗಂಟಲು ಸರಿ ಇದೆ ಸರ್," ಎಂದಳು ಹುಡುಗಿ. ಸರ್ಕಾರಿ ಭಾಷೆಯಲ್ಲಿ ಅವಳ ದನಿ ಗಂಟೆ ಬಾರಿಸಿದಂತಿತ್ತು. "ಮಾತು ಬರುತ್ತೆ. ಆದ್ರೆ ಜೋರಾಗಿ ಬರಲ್ಲ."

"ಜೋರಾಗಿ ಬರಲ್ಲ ಅಂದ್ರೆ? ಬಂದ್ರೆ ಬರುತ್ತೆ, ಬರಲ್ಲ ಅಂದ್ರೆ ಬರಲ್ಲ." ಅಧಿಕಾರಿ ಕನ್ನಡಕ ತೆಗೆದು ಕಣ್ಣುಜ್ಜಿಕೊಂಡರು. "ಅಮ್ಮ ಬಂದಿದ್ದಾರಾ? ಕರಿ."

ತಾಯಿ ಬಂದು ಗೋಡೆಗೆ ಒತ್ತಿ ನಿಂತಳು. ಮುಂಗೈಯಲ್ಲಿ ಇಸ್ತ್ರಿಪೆಟ್ಟಿಗೆ ಸುಟ್ಟ ಹಳೆಯ ಕಲೆ.

"ಏನಮ್ಮಾ, ಮನೇಲಿ ಮಗಳಿಗೆ ಭಾಷೆ ಕಲಿಸಿಲ್ವಾ?"

"ಕಲಿಸಿಲ್ಲ ಸ್ವಾಮಿ. ಬೇಕೂಂತಲೇ ಕಲಿಸಿಲ್ಲ. ನಮ್ಮತ್ತೆ ಇವಳ ಹತ್ರ ಮಾತಾಡಿದ್ರೆ ನಾನೇ ಗದರ್ತಿದ್ದೆ. ಇವಳಾದ್ರೂ ನಾಲ್ಕು ಜನರ ಥರ ಇರ್ಲಿ ಅಂತ."

"ಹಾಗಾದ್ರೆ ನಾನೇನು ಮಾಡ್ಲಿ ಹೇಳಿ. ನಿಯಮ ನಾನು ಮಾಡಿದ್ದಲ್ಲ. ಹಿಂದೆ ಈ ಪರೀಕ್ಷೆ ಇಲ್ದಾಗ ಊರಿಗೆ ಊರೇ ಆಚೆಕಡೆಯವರಾಗಿಬಿಟ್ಟಿತ್ತು. ನಿಮ್ಮ ಮಕ್ಕಳ ಸೀಟು ಕಂಡಕಂಡವರ ಪಾಲಾಗ್ತಿತ್ತು. ನಿಮಗೋಸ್ಕರವೇ ಇದನ್ನ ತಂದಿರೋದು."

ಅವರ ಮಾತು ಸುಳ್ಳಲ್ಲ. ತಾಯಿ ತಲೆಯಾಡಿಸಿದಳು. ಆಮೇಲೆ ಯಾರನ್ನೂ ದೂರದ ದನಿಯಲ್ಲಿ, "ನಾನು ಚಿಕ್ಕೋಳಿದ್ದಾಗ ಶಾಲೇಲಿ ಆ ಮಾತಾಡಿದ್ರೆ ಬೆಂಚಿನ ಮೇಲೆ ನಿಲ್ಲಿಸೋರು. ಈಗ ಆಡದಿದ್ರೆ ಬಾಗಿಲ ಹೊರಗೆ ನಿಲ್ಲಿಸ್ತೀರಿ. ನಾವು ಯಾವಾಗ ಕೂರೋದು ಸ್ವಾಮಿ?" ಎಂದಳು.

ಅಧಿಕಾರಿ 'ಭಾಷೆ ತಿಳಿದಿಲ್ಲ' ಎಂಬ ಮುದ್ರೆಯನ್ನು ಹತ್ತಿರಕ್ಕೆ ಎಳೆದುಕೊಂಡರು. ಅದನ್ನು ಕಂಡ ತಾಯಿ ಮಗಳ ಕಿವಿಯ ಬಳಿ ಬಗ್ಗಿ, ಬಾಯಿಗೆ ಕೈ ಅಡ್ಡ ಹಿಡಿದು ಏನೋ ಅಂದಳು. ಹುಡುಗಿಯೂ ಹಾಗೆಯೇ ಕೈ ಅಡ್ಡ ಹಿಡಿದು ಮಾರುತ್ತರ ಕೊಟ್ಟಳು. ಹೋಗೋಣ ನಡಿ ಎಂದಿರಬೇಕು ಒಬ್ಬಳು. ಇನ್ನೊಂದು ಗಳಿಗೆ ಇರಮ್ಮ ಎಂದಿರಬೇಕು ಇನ್ನೊಬ್ಬಳು.

ಟೀಚರಮ್ಮ ಆ ಎರಡು ಕೈಗಳನ್ನೇ ನೋಡಿದರು. ಬೆಳಗ್ಗೆ ಬಸ್ಸಿನಲ್ಲಿ ತಮ್ಮ ಬಾಯಿಗೆ ಅಡ್ಡ ಬಂದಿದ್ದ ಕೈ ನೆನಪಾಯಿತು. ಅಡಿಗೆಮನೆಯ ಕಿಟಕಿ ಮುಚ್ಚಿದ ಮೇಲೆಯೇ ಮಾತು ಶುರುಮಾಡುತ್ತಿದ್ದ ತಮ್ಮ ಅಮ್ಮ ನೆನಪಾದರು. ಪಕ್ಕದ ಮನೆಯವರು ಕೇಳಿಸಿಕೊಂಡು ಅಪ್ಪನ ಕಚೇರಿಗೆ ದೂರು ಕೊಟ್ಟಾರೆಂಬ ಭಯದ ಕಾಲ ಅದು. ಭಯ ಹೋದರೂ ದನಿ ಮಾತ್ರ ಮೇಲೇರಲಿಲ್ಲ. ಬೈಗುಳ, ಲಾಲಿ, ಸಾವಿನ ಮನೆಯ ಅಳು, ಎಲ್ಲವೂ ಪಿಸುದನಿಯಲ್ಲೇ. ತಮ್ಮ ಮನೆಮಾತನ್ನು ಯಾರಾದರೂ ಗಟ್ಟಿಯಾಗಿ ಆಡಿದ್ದನ್ನು ಅವರು ಕೇಳಿದ್ದು ಇದೇ ಕೋಣೆಯಲ್ಲಿ. ಅದೂ ಪಾಠ ಒಪ್ಪಿಸುವವರ ಬಾಯಲ್ಲಿ, ಕಾಗದ ಓದುವ ತಮ್ಮದೇ ಬಾಯಲ್ಲಿ.

"ಸರ್, ಒಂದ್ನಿಮಿಷ. ಮುದ್ರೆ ಒತ್ತಬೇಡಿ."

"ಮೇಡಂ, ಇನ್ನೂ ಹೊರಗೆ ಜನ ಇದ್ದಾರೆ. ನನಗೂ ಹೊಟ್ಟೆ ಚುರುಗುಡ್ತಿದೆ."

"ಗೊತ್ತು ಸರ್. ಆ ಫ್ಯಾನು ಆರಿಸಿ."

"ಈ ಸೆಕೆಯಲ್ಲಾ?"

ಟೀಚರಮ್ಮ ಮಂಡಿ ಹಿಡಿದುಕೊಂಡು ಎದ್ದರು. ಕುರ್ಚಿಯನ್ನು ಮೇಜಿನ ಆಚೆಗೆ ಎಳೆದು ಹುಡುಗಿಯ ಮಗ್ಗುಲಲ್ಲಿ ಕೂತರು. ಪ್ರಶ್ನೆಯ ಕಾಗದವನ್ನು ಮೇಜಿನ ಮೇಲೇ ಬಿಟ್ಟಿದ್ದರು. ಜವಾನ ಫ್ಯಾನು ನಿಲ್ಲಿಸಿ, ಹೇಳದೆಯೇ ಕಿಟಕಿಯನ್ನೂ ಮುಚ್ಚಿದ. ಟೀಚರಮ್ಮ ಬಾಯಿಗೆ ಕೈ ಅಡ್ಡ ಹಿಡಿದು, ಅಮ್ಮ ಕೇಳುತ್ತಿದ್ದ ದನಿಯಲ್ಲಿ, ನಿನಗೆ ಈ ಮಾತು ಯಾರು ಕೊಟ್ಟರು ಮಗಳೇ ಎಂದು ಕೇಳಿದರು.

ಹುಡುಗಿ ಒಮ್ಮೆ ತಾಯಿಯ ಕಡೆ ನೋಡಿದಳು. ಆಮೇಲೆ ಪಿಸುಗುಟ್ಟಿದಳು. ಅಜ್ಜಿ ತಲೆಗೆ ನೀರು ಹಾಕುವಾಗ, ಬಚ್ಚಲ ನೀರಿನ ಸದ್ದಿನಲ್ಲಿ ಅಮ್ಮನಿಗೆ ಕೇಳಿಸುವುದಿಲ್ಲವೆಂದು ಮಾತಾಡುತ್ತಿದ್ದಳಂತೆ. ಅದರಿಂದ ತನಗೆ ಮುದ್ದು ಮಾಡುವುದು, ಬೈಯುವುದು, ಕಣ್ಣು ಮುಚ್ಚಿಕೋ ಸೋಪು ಹೋಗುತ್ತೆ ಎನ್ನುವುದು, ಇಷ್ಟೇ ಚೆನ್ನಾಗಿ ಬರುವುದು. ಹಾಗಾದರೆ ಬೈದು ತೋರಿಸು ಎಂದರು ಟೀಚರಮ್ಮ. ಪಕ್ಕದ ಮನೆಯ ಹುಂಜಕ್ಕೆ ಅಜ್ಜಿ ಹಾಕುತ್ತಿದ್ದ ಶಾಪವನ್ನು ಹುಡುಗಿ ಉಸಿರು ಬಿಡದೆ ಹೇಳಿದಳು. ಟೀಚರಮ್ಮನ ಭುಜ ಕುಲುಕತೊಡಗಿತು. ಎಷ್ಟೋ ವರ್ಷಗಳ ಮೇಲೆ ಆ ಬೈಗುಳ ಕೇಳಿ ನಗು ತಡೆಯಲಾಗದೆ ಕಣ್ಣಲ್ಲಿ ನೀರು ಬಂತು.

ಆಗ ಮೈಮೇಲೆ ನೆರಳು ಬಿದ್ದಂತಾಗಿ ತಲೆಯೆತ್ತಿದರು. ಅಧಿಕಾರಿ ರೆಕಾರ್ಡ್ ಯಂತ್ರವನ್ನು ಹುಡುಗಿಯ ತುಟಿಯ ಹತ್ತಿರ ಹಿಡಿದು ಬಗ್ಗಿ ನಿಂತಿದ್ದರು. ಯಾವಾಗ ಎದ್ದು ಬಂದರೋ. ಅಂಗಿ ಬೆವರಿಗೆ ಬೆನ್ನಿಗಂಟಿತ್ತು.

"ನಿಲ್ಲಿಸಬೇಡಮ್ಮ, ಹೇಳು," ಎಂದರು ಅವರೂ ಪಿಸುದನಿಯಲ್ಲೇ.

ಮುಗಿದ ಮೇಲೆ ಯಂತ್ರವನ್ನು ಕಿವಿಗೆ ಹಿಡಿದು ಕೇಳಿದರು. "ಸಣ್ಣಗಿದೆ. ಆದ್ರೆ ಇದೆ. ಏನಂದ್ಲು ಮೇಡಂ?"

"ಅದನ್ನ ನಿಮಗೆ ಹೇಳೋ ಹಾಗಿಲ್ಲ ಸರ್. ಕೇಂದ್ರ ಕಚೇರಿಯವರು ಕೇಳಿಸ್ಕೊಳ್ಳಲಿ."

ಅಧಿಕಾರಿ ನಕ್ಕು, ಮುದ್ರೆ ಬದಲಿಸಿ ಅರ್ಜಿಯ ಮೇಲೆ ಒತ್ತಿದರು. ಅದರ ಕೆಳಗೆ ತಮ್ಮ ಕೈಯಿಂದಲೇ, 'ಅಭ್ಯರ್ಥಿ ಮೆಲುದನಿಯಲ್ಲಿ ಮಾತನಾಡಿದ್ದಾರೆ, ದಯವಿಟ್ಟು ಫ್ಯಾನು ಆರಿಸಿ ಕೇಳುವುದು' ಎಂದು ಬರೆದು ಸಹಿ ಹಾಕಿದರು. ಪ್ರಮಾಣಪತ್ರವನ್ನು ಮಗಳ ಕೈಗಲ್ಲ, ತಾಯಿಯ ಕೈಗೆ ಕೊಟ್ಟರು. ಅವಳು ಅದನ್ನು ಹೊಸದಾಗಿ ಇಸ್ತ್ರಿ ಮಾಡಿದ ಬಟ್ಟೆಯಂತೆ ಎರಡು ಅಂಗೈಗಳ ಮೇಲೆ ಹಿಡಿದುಕೊಂಡು ಹೋದಳು. ಫ್ಯಾನು ಮತ್ತೆ ತಿರುಗಿತು. ಮುಂದಿನವನು ಬಂದು ಪಾಠ ಒಪ್ಪಿಸತೊಡಗಿದ. ಅವನು ಮುಗಿಸಿದ ಮೇಲೆ ಟೀಚರಮ್ಮ ಪೆನ್ನು ಮುಟ್ಟದೆ, "ಇದು ಪಾಠ ಆಯ್ತಪ್ಪ. ನಿಮ್ಮನೇಲಿ ಬೈಯೋದು ಹೇಗೆ, ಅದು ಹೇಳು," ಎಂದರು.

ಸಂಜೆ ಬಸ್ಸು ತುಂಬಿತ್ತು. ಯಾರೋ ಎದ್ದು ಜಾಗ ಕೊಟ್ಟರು. ಮಂಡಿ ನೀವಿಕೊಳ್ಳುತ್ತ ಟೀಚರಮ್ಮ ಫೋನ್ ತೆಗೆದರು. ಎಡಗೈ ತಾನಾಗಿ ಬಾಯಿಯ ಕಡೆ ಹೊರಟಿತು. ಅದನ್ನು ಹಿಡಿದು ಮಡಿಲಲ್ಲಿ ಇಟ್ಟುಕೊಂಡರು.

ಮಾತ್ರೆ ನುಂಗಿದೆಯೇನಕ್ಕ ಎಂದು ಮನೆಮಾತಿನಲ್ಲಿ ಕೇಳಿದರು. ದನಿ ಒಡೆಯಿತು. ಗಂಟಲು ಸರಿಮಾಡಿಕೊಂಡು, ಇಡೀ ಬಸ್ಸಿಗೆ ಕೇಳುವಂತೆ ಮತ್ತೆ ಕೇಳಿದರು. ಮುಂದಿನ ಸೀಟಿನವರು ತಿರುಗಿ ನೋಡಿದರು.

ಆ ಕಡೆಯಿಂದ ಅಕ್ಕ ಅದೇ ಭಾಷೆಯಲ್ಲಿ, ಗಾಬರಿಯಿಂದ, ಇನ್ನಷ್ಟು ಸಣ್ಣ ದನಿಯಲ್ಲಿ ಅಂದಳು: "ಮೆಲ್ಲಗೆ ಕಣೇ. ಯಾರಾದ್ರೂ ಕೇಳಿಸ್ಕೊಂಡಾರು."

"ನಿಂಗೆ ಕೇಳಿಸ್ತಾ?"

"ಕೇಳಿಸ್ತು."

"ಹಾಗಾದ್ರೆ ಹೇಳು, ಮಾತ್ರೆ ನುಂಗಿದ್ಯಾ ಇಲ್ವಾ?"