ಬಟ್ಟೆ ಬದಲಾಯಿಸುವ ಕೋಣೆ

“ಇಂಥ ಹೊಲಸು ಸೈಟು ನಿನ್ನ ಮೊಬೈಲಿಗೆ ಹೇಗೆ ಬಂತು? ನೀನೇ ಹುಡುಕ್ಕೊಂಡು ಹೋದ್ಯೇನೋ.”

ಪೇದೆ ಕಿಸಕ್ಕೆಂದ. ಹಾಗೆ ಕೇಳಿದ ಇನ್‌ಸ್ಪೆಕ್ಟರ್ ಸಾಹೇಬ ಟೀ ಹೀರಿದ. ಹೊಲಿಗೆ ಕಾರ್ಖಾನೆಯಿಂದ ನೇರ ಠಾಣೆಗೆ ಬಂದಿದ್ದ ಅತ್ತಿಗೆಯ ಕೂದಲಲ್ಲಿ ಇನ್ನೂ ನೂಲಿನ ಎಳೆ ಅಂಟಿತ್ತು.

“ಮೇಸ್ತ್ರಿಗಳು ನೋಡ್ಕೊಂಡು ನಗ್ತಿದ್ರು ಸಾರ್. ಅವರ ಮೊಬೈಲು ಕಿತ್ಕೊಂಡು ನೋಡ್ದೆ, ವಿಳಾಸ ನನ್ನ ಮೊಬೈಲಿಗೆ ಹಾಕ್ಕೊಂಡೆ. ಅದ್ರಲ್ಲಿರೋದು ಕಾರ್ಖಾನೇಲಿ ನಾವು ಬಟ್ಟೆ ಬದಲಾಯಿಸೋ ಕೋಣೆ. ನನ್ನ ನಾದಿನೀನೂ ಇದ್ದಾಳೆ. ಆ ಸೈಟು ಮುಚ್ಚಿಸಿ.”

“ಹಾಕಿ ತೋರ್ಸು.”

“ವಿಳಾಸ ಕೊಡ್ತೀನಿ. ಹೆಂಗಸ್ರು ಪೊಲೀಸಿದ್ರೆ ಅವರೇ ನೋಡ್ಲಿ.”

“ನೋಡ್ದೇನೇ ದೂರು ತಗೊಳ್ಳೋಕೆ ಇದೇನು ನಿಮ್ಮಪ್ಪನ ಮನೆನಾ? ಹಾಕೆ.”

ಹಾಕಿದಳು. ಎರಡು ತಲೆಗಳು ಬಾಗಿದವು. ಪೇದೆ ಎರಡು ಬೆರಳಿಂದ ಚಿತ್ರ ಹಿಗ್ಗಿಸಿ ಕೇಳಿದ: “ಇದ್ರಲ್ಲಿ ನಿನ್ನ ನಾದಿನಿ ಯಾವಳು?”

ಅತ್ತಿಗೆ ಮೊಬೈಲು ಕಿತ್ತುಕೊಂಡಳು. “ಥೂ, ನಿಮ್ ಜನ್ಮಕ್ಕಿಷ್ಟು ಬೆಂಕಿ ಹಾಕ.”

“ಸೈಟು ಯಾವ ದೇಶದ್ದೋ ಏನೋ, ನಮ್ಮ ಕೈಲಿಲ್ಲ. ನಡಿ,” ಎಂದ ಸಾಹೇಬ. ಅವಳು ಹೊಸ್ತಿಲು ದಾಟುವ ಮೊದಲೇ ಕಾರ್ಖಾನೆಯ ಮ್ಯಾನೇಜರಿಗೆ ಫೋನು ಹಚ್ಚಿದ್ದ.

ಬೆಳಿಗ್ಗೆ ಗೇಟಿನಲ್ಲೇ ಮ್ಯಾನೇಜರು ಅಡ್ಡ ನಿಂತ. ಸುದ್ದಿ ತಿಳಿದಾಗಿನಿಂದ ಅನ್ನ ಮುಟ್ಟದ ನಾದಿನಿ ಅತ್ತಿಗೆಯ ಬೆನ್ನಿಗಂಟಿಕೊಂಡಿದ್ದಳು.

“ಮಾನ ಇರೋ ಹೆಂಗಸ್ರು ಇಂಥದ್ದನ್ನ ಬೀದಿಗೆ ತರಲ್ಲ. ನಿಮಗಿಬ್ಬರಿಗೂ ಇನ್ನು ಕೆಲಸ ಇಲ್ಲ.”

“ಮಾನ ಹೋಗಿದ್ದು ಯಾರದು ಸಾರ್? ಬಟ್ಟೆ ಬಿಚ್ಚಿದೋಳದ್ದಾ, ಇಣುಕಿದೋನದ್ದಾ?”

ಮ್ಯಾನೇಜರು ಬಾಯಿಗೆ ಬಂದಂತೆ ಬೈದು ಸರಸರ ಒಳಗೆ ಹೋದ. ಅತ್ತಿಗೆ ಅವನ ಹಿಂದೆಯೇ ನುಗ್ಗಿದಳು. ಬಟ್ಟೆ ಬದಲಾಯಿಸುವ ಕೋಣೆಗೆ ಹೋಗಿ, ಚಿತ್ರ ತೆಗೆದಿದ್ದ ಮೂಲೆಗೇ ಬೆಂಚು ಎಳೆದು ಹತ್ತಿ ಚಾವಣಿಯ ಹಲಗೆ ಸರಿಸಿದಳು. ಧೂಳಿನ ನಡುವೆ ಅಂಗಿ ಗುಂಡಿಯಷ್ಟು ಕ್ಯಾಮೆರಾ ಕಣ್ಣು. ಅದಕ್ಕೊಂದು ಕಪ್ಪು ವೈರು.

“ಕಿತ್ತು ಬಿಸಾಕಕ್ಕಾ,” ಎಂದಳು ಕೋಣೆಯಲ್ಲಿದ್ದ ಯಾರೋ ಒಬ್ಬಳು.

“ಮುಟ್ಬೇಡ. ಎಲ್ಲಿಗೆ ಹೋಗುತ್ತೋ ನೋಡೋಣ.”

ವೈರು ಗೋಡೆಗುಂಟ ಸಾಗಿತ್ತು. ಅತ್ತಿಗೆ ಮುಂದೆ, ಹೆಂಗಸರು ಹಿಂದೆ. ಒಂದೊಂದೇ ಹೊಲಿಗೆ ಯಂತ್ರ ನಿಂತಿತು. ಓಣಿ ದಾಟಿ, ಮೆಟ್ಟಿಲೇರಿ, ಮ್ಯಾನೇಜರನ ಬಾಗಿಲ ಸಂದಿಯಲ್ಲಿ ವೈರು ಒಳಗೆ ನುಸುಳಿತ್ತು. ಒಳಗಿನಿಂದ ಚಿಲಕ ಬಿತ್ತು.

“ಕೆಲಸಕ್ಕೆ ಹೋಗ್ರೇ ಲೌಡಿಯರಾ,” ಎಂದ ಮ್ಯಾನೇಜರು ಒಳಗಿಂದ.

ನಾದಿನಿ ಮುಂದೆ ಬಂದಳು. ಬಾಗಿಲಿಗೆ ಬೆನ್ನು ಕೊಟ್ಟು ನೆಲಕ್ಕೆ ಕೂತಳು. ವೈರನ್ನು ಅಂಗೈಯಲ್ಲಿ ಬಿಗಿಯಾಗಿ ಹಿಡಿದುಕೊಂಡಳು.

“ಅವನ ಪೊಲೀಸ್ ಸಾಹೇಬನ್ನೇ ಕರೀಲಿ ಅತ್ತಿಗೆ,” ಎಂದಳು. “ನಾನಿಲ್ಲಿಂದ ಏಳಲ್ಲ.”