ಕರಿ ನಾಕು

ಪೇಟಿಯ ಪಟ್ಟಿಗಳ ಸಂದಿಯಲ್ಲಿ ಸೇರಿಕೊಂಡಿದ್ದ ಜೋಳದ ಹಿಟ್ಟನ್ನು ಶೈಲಾ ಸೂಜಿಯಿಂದ ಕೆದರಿ ತೆಗೆಯುತ್ತಿದ್ದಳು. ಗಂಡ ಶಿವಪುತ್ರ ಹಿಟ್ಟಿನ ಗಿರಣಿಯಿಂದ ಬಂದ ಕೈಯಲ್ಲೇ ಹಾರ್ಮೋನಿಯಂ ನುಡಿಸುತ್ತಿದ್ದ. ಎಷ್ಟು ತೊಳೆದರೂ ಅವನ ಉಗುರಲ್ಲಿ ಹಿಟ್ಟು ಉಳಿಯುತ್ತಿತ್ತು.

ಅವನ ಮಣ್ಣಿಗೆ ಬಂದ ಬೀಗರು ನಿನ್ನೆ ಸಂಜೆಯ ಬಸ್ಸಿಗೆ ಹೋಗಿದ್ದರು. ಇವತ್ತು ಹಾಲಿನವನು ಎಂದಿನಂತೆ ಬಂದು, ಗಂಡ ಹೆಂಡತಿ ಇಬ್ಬರಿಗೆ ಹಾಕುವಷ್ಟೇ ಹಾಲು ಹಾಕಿ ಹೋಗಿದ್ದ. ಯಾರೂ ಅವನಿಗೆ ಕಡಿಮೆ ಹಾಕು ಅಂದಿರಲಿಲ್ಲ.

“ಅಳೂದು ಬಿಟ್ಟು ಪೇಟಿ ಒರಸಾಕತ್ತೀಯಲ್ಲ,” ಅಂದಳು ತಾಯಿ ಸಿದ್ದಲಿಂಗವ್ವ, ಬಾಗಿಲಲ್ಲಿ ನಿಂತು.

“ಇದು ಗುಡಿದು ಯವ್ವಾ. ಹೊಲಸ ಕೊಟ್ರ ಅವರ ಹೆಸರು ಕೆಡತೈತಿ.”

“ಮುರಗೆಪ್ಪ ಆಳು ಕಳಸ್ತೀನಿ ಅಂದಾನ. ಆ ಆಳಿನ ಕೈಯಾಗ ಕೊಡು. ಗಂಡನ ಮ್ಯಾಗಿನ ಮಣ್ಣು ಇನ್ನಾ ಹಸಿ ಐತಿ. ನೀ ಹೊಚ್ಚಲ ದಾಟಬ್ಯಾಡ. ಮಂದಿ ಏನಂದಾರು?”

“ಇಸಗೊಂಡಾವರು ನಮ್ಮ ಮನಿಯವರು. ತಿರುಗಿ ಕೊಡೂದು ಆಳು ಯಾಕ ಕೊಡಬೇಕು?”

ಮುರಗೆಪ್ಪ ಗುಡಿಯ ಭಜನಾ ಮಂಡಳಿಯ ಹಿರಿಯ. ಮಣ್ಣು ಮುಗಿಸಿ ಕೈಕಾಲು ತೊಳೆಯುವಾಗಲೇ ಹೇಳಿ ಕಳಿಸಿದ್ದ: ಮಾಸ್ತರ ಹೋದ, ಹೆಂಗಸರ ಮೇಳ ಮುಗಿಯಿತು, ಪೇಟಿ ಗುಡಿಗೆ ಬರಲಿ.

ಸೂಜಿ ನಾಲ್ಕನೆಯ ಕಪ್ಪು ಪಟ್ಟಿಗೆ ಬಂತು. ಅದರ ತುದಿಯಲ್ಲಿ ಉಗುರುಬಣ್ಣದ ಕೆಂಪು ಚುಕ್ಕೆಯಿತ್ತು. ಶೈಲಾ ಅದರ ಸುತ್ತಲೂ ಕೆದರಿದಳು. ಚುಕ್ಕೆಯನ್ನು ಮುಟ್ಟಲಿಲ್ಲ.

*

ಶಿವಪುತ್ರ ರೋಣದ ಕಡೆಯವನು. ನಾಟಕ ಕಂಪನಿಯ ಪೇಟಿ ಮಾಸ್ತರನಾಗಿ ಜತ್ತಕ್ಕೆ ಬಂದಿದ್ದ. ಅಲ್ಲಿ ಕಂಪನಿಯ ನಾಯಕಿ ಮದುವೆಯಾಗಿ ಹೊರಟುಹೋದಳು, ನಾಟಕ ನಿಂತಿತು. ಉಳಿದವರು ತಮ್ಮೂರಿನ ಬಸ್ಸು ಹತ್ತಿದರು. ಇವನು ಅಸಂಗಿಯ ಬಸ್ಸು ಹತ್ತಿದ. ಇಲ್ಲಿನ ಹಿಟ್ಟಿನ ಗಿರಣಿಗೆ ಆಳು ಬೇಕಾಗಿತ್ತು.

ಗುಡಿಯ ಭಜನೆಗೆ ಹೋಗಿ ಕುಳಿತರೆ ಮುರಗೆಪ್ಪ ಎಬ್ಬಿಸಿದ. “ಪರಊರಾಂವ, ಅದರಾಗ ನಾಟಕದಾಂವ. ನಮ್ಮ ದೇವರಿಗೆ ನಿನ್ನ ಸುರ ತಿಳ್ಯಾಂಗಿಲ್ಲ.” ಗುಡಿಯ ಅಟ್ಟದಲ್ಲಿ ಇಲಿ ಕಡಿದ ಹಳೆಯ ಪೇಟಿಯೊಂದು ಬಿದ್ದಿತ್ತು. ಅದನ್ನಾದರೂ ಕೊಡಿರೆಂದು ಕೇಳಿದಾಗ, “ಒಯ್ಯಿ, ಬ್ಯಾಡಾದಾಗ ತಂದಿಡು,” ಅಂದು ನಕ್ಕಿದ್ದ. ಶಿವಪುತ್ರ ಅದರ ತಿದಿಗೆ ಹೊಸ ತೊಗಲು ಹೊಲಿದ. ಸುರ ಕೂಡಿಸಿದ.

ಜೋಳ ತಂದ ಹೆಂಗಸರು ಗಿರಣಿಯಲ್ಲಿ ಪಾಳಿಗೆ ಕೂತು ಹಾಡಿಕೊಳ್ಳುತ್ತಿದ್ದರು. ಅವನು ಹಿಟ್ಟು ಸುರಿಯುತ್ತ ಕೇಳುತ್ತಿದ್ದ. ಒಂದು ದಿನ ಕರೆಂಟು ಹೋಗಿ ಗಿರಣಿ ನಿಂತಿತು, ಹಾಡು ನಿಲ್ಲಲಿಲ್ಲ. “ಗಿರಣಿ ಸಪ್ಪಳಾ ಮೀರಿ ಹಾಡ್ತೀರಿ, ನಿಮ್ಮನ್ನ ಗುಡಿಯಾಗ ಯಾಕ ಮೂಲ್ಯಾಗ ಕುಂದ್ರಸ್ಯಾರ್ರಿ?” ಅಂದ. ಹೆಂಗಸರ ಮೇಳ ಗಿರಣಿಯ ಆ ಕಟ್ಟೆಯ ಮೇಲೆ ಶುರುವಾಯಿತು.

ಗುಡಿಯಲ್ಲಿ ಗಂಡಸರು ಬಿಳಿ ಎರಡಕ್ಕೆ, ಅಂದರೆ ಎರಡನೆಯ ಬಿಳಿ ಪಟ್ಟಿಯ ಸುರಕ್ಕೆ, ಹಾಡುತ್ತಿದ್ದರು. ಅಷ್ಟು ಕೆಳಗೆ ಹೆಂಗಸರ ಗಂಟಲು ಇಳಿಯುತ್ತಿರಲಿಲ್ಲ. ಅವರದು ಬರೀ ಗುಂಯ್‌ಗುಡುವ ಕೆಲಸ. ಶಿವಪುತ್ರ ಅವರನ್ನು ಕರಿ ನಾಕಕ್ಕೆ, ನಾಲ್ಕನೆಯ ಕಪ್ಪು ಪಟ್ಟಿಗೆ, ಏರಿಸಿದ. ಪಟ್ಟಿ ತಪ್ಪಬಾರದೆಂದು ಮೇಳದ ಫಿರದೋಸ ತನ್ನ ಉಗುರುಬಣ್ಣ ತಂದು ಅಲ್ಲಿ ಚುಕ್ಕೆ ಇಟ್ಟಳು.

ಹಾಡಿನ ನಡುವೆ ಅವನು ಇದ್ದಕ್ಕಿದ್ದಂತೆ ಪೇಟಿಯಿಂದ ಕೈ ತೆಗೆಯುತ್ತಿದ್ದ. ಮೇಳ ಬರಿಗಂಟಲಲ್ಲಿ ಮುಂದುವರಿಯಬೇಕು. ಸ್ವಲ್ಪ ಹೊತ್ತಿಗೆ ಮತ್ತೆ ಕೆಂಪು ಚುಕ್ಕೆ ಒತ್ತಿ ನೋಡುವನು. ಮೊದಮೊದಲು ಸುರ ಕೆಳಗೆ ಜಾರಿರುತ್ತಿತ್ತು.

“ಭಾಗವ್ವಾರ, ಎಲ್ಲಿ ಇಳದ್ರಿ? ಬಸ್ ಇನ್ನಾ ನಿಂತಿಲ್ಲ.”

“ನಮ್ಮೂರು ಬಂತ್ರಿ ಮಾಸ್ತರ, ಇಳದ್ವಿ.”

“ಹತ್ರಿ ಮತ್ತ. ಪೇಟಿ ದಾರಿ ಅಷ್ಟ ತೋರಸ್ತೈತಿ. ನಡ್ಯಾವರು ನೀವು.”

ವಿಜಯಪುರದಲ್ಲಿ ಎಂ.ಎ. ಮುಗಿಸಿ ಊರಿಗೆ ಬಂದಿದ್ದ ಶೈಲಾ ಹಿಟ್ಟು ಬೀಸಲು ಹೋಗಿ ಮೇಳದಲ್ಲಿ ಕುಳಿತಳು. ಮುಂದಿನ ವರ್ಷ ಮಾಸ್ತರನನ್ನೇ ಮದುವೆಯಾದಳು. ಸೋದರಮಾವಂದಿರು ಮದುವೆಗೆ ಬರಲಿಲ್ಲ. ಮೇಳ ಬಂದಿತ್ತು.

*

ಗಿರಣಿಯಲ್ಲಿ ಎದೆ ಹಿಡಿದುಕೊಂಡು ಕುಳಿತ ಶಿವಪುತ್ರ ಜತ್ತದ ದವಾಖಾನೆ ಮುಟ್ಟಲಿಲ್ಲ.

ಅವನಿಗೆ ವಿಭೂತಿ ಹಚ್ಚಿ, ಗೋಡೆಗೆ ಆನಿಸಿ ಕೂಡಿಸಿದ್ದರು. ತಲೆಯ ಮೇಲೆ ಸೆರಗು ಹೊತ್ತು ಶೈಲಾ ಪಕ್ಕದಲ್ಲಿ ಕುಳಿತಿದ್ದಳು. ಮುರಗೆಪ್ಪ ಮಂಡಳಿಯವರೊಂದಿಗೆ ಬಂದು, ಮೂಲೆಯಲ್ಲಿದ್ದ ಪೇಟಿ ಎಳೆದುಕೊಂಡು, ಬಿಳಿ ಎರಡರಲ್ಲಿ ಪದ ಎತ್ತಿದ. ಹೆಂಗಸರು ದನಿ ಕೂಡಿಸಲು ನೋಡಿದರು. ಭಾಗವ್ವನ ಬಾಯಿ ತೆರೆದು ಹಾಗೆಯೇ ಮುಚ್ಚಿಕೊಂಡಿತು.

“ಏರಸ್ರಿ ಕಾಕಾ, ನಾವೂ ಹಾಡ್ತೀವಿ,” ಅಂದಳು ಫಿರದೋಸ.

“ನೀವು ಅಳ್ರಿ. ಹಾಡೂದು ನಾವು ನೋಡ್ಕೊತೀವಿ.”

“ಮಾಸ್ತರ ನಮಗ ಅಳೂದು ಕಲಿಸಿಲ್ರಿ.”

ಯಾರೋ ಉಶ್ ಅಂದರು. ಪದ ಮುಂದುವರಿಯಿತು.

ಶೈಲಾ ಎದ್ದಳು. ಹೆಣದ ಪಕ್ಕದಿಂದ ಹೆಂಡತಿ ಏಳುವುದನ್ನು ಆ ಮನೆಯಲ್ಲಿದ್ದ ಯಾರೂ ಕಂಡಿರಲಿಲ್ಲ. ತಡೆಯುವುದು ಹೇಗೆಂದು ಯಾರಿಗೂ ತಿಳಿಯಲಿಲ್ಲ. ಅವಳು ಪೇಟಿಯ ಮುಂದೆ ಕುಳಿತು ಕೆಂಪು ಚುಕ್ಕೆಯ ಮೇಲೆ ಬೆರಳಿಟ್ಟಳು. ಮುರಗೆಪ್ಪನ ಬೆರಳು ಬಿಳಿ ಎರಡರ ಮೇಲಿತ್ತು. ಎರಡೂ ಸುರ ಒಂದಕ್ಕೊಂದು ತಿಕ್ಕಿ ಮನೆ ತುಂಬ ಕರ್ಕಶವಾದವು.

“ಇವತ್ತ ನೀ ಮುಟ್ಟಬಾರ್ದವ್ವಾ.”

“ನೀವು ಕೈ ತಗೀರಿ.”

ಅವನು ತೆಗೆಯಲಿಲ್ಲ. ಅವಳೂ ತೆಗೆಯಲಿಲ್ಲ. ಆ ಕರ್ಕಶ ತಾಳಲಾರದೆ ಮಂಡಳಿಯ ಗಂಡಸರೇ ಹಾಡು ನಿಲ್ಲಿಸಿದರು. ಕೊನೆಗೆ ಮುರಗೆಪ್ಪ ಕೈ ಹಿಂದೆಗೆದ. ಕರಿ ನಾಕು ಒಂದೇ ಉಳಿಯಿತು. ಹಿಂದಿನಿಂದ ಭಾಗವ್ವ ಪದ ಎತ್ತಿದಳು.

ಹೆಣದ ಹಿಂದೆ, ಗುಡಿ ದಾಟಿ ಸ್ಮಶಾನದ ದಾರಿಯ ಬೇವಿನ ಮರದವರೆಗೂ ಮೇಳ ಹಾಡುತ್ತ ಹೋಯಿತು. ಅಲ್ಲಿ ಮುರಗೆಪ್ಪ ಅಡ್ಡ ನಿಂತ. ಹೆಂಗಸರು ಮಣ್ಣಿಗೆ ಬರುವಂತಿಲ್ಲ. ಮರದ ಆಚೆ ಶಿವಪುತ್ರನನ್ನು ಗಂಡಸರು ಬಿಳಿ ಎರಡರಲ್ಲಿ ಹಾಡುತ್ತ ಒಯ್ದರು.

*

ಶೈಲಾ ಒರೆಸಿದ ಪೇಟಿ ಹೊತ್ತು ಹೊಸ್ತಿಲು ದಾಟಿದಳು. ಸಿದ್ದಲಿಂಗವ್ವ ತಡೆಯಲಿಲ್ಲ, ಹಿಂದಿನಿಂದ ಬಂದು ಮಗಳ ಸೆರಗು ಸರಿಮಾಡಿದಳು ಅಷ್ಟೇ.

ಗಿರಣಿಯ ಬಾಗಿಲಿಗೆ ಬೀಗವಿತ್ತು. ಕಟ್ಟೆಯ ಮೇಲೆ ಭಾಗವ್ವ, ಫಿರದೋಸ, ಮೇಳದ ಉಳಿದವರು ಜೋಳದ ಬುಟ್ಟಿಗಳಿಲ್ಲದೆ ಕುಳಿತಿದ್ದರು.

“ಕೊಡಾಕ ಹೊಂಟ್ಯಾ?” ಅಂದಳು ಭಾಗವ್ವ. “ಪೇಟಿ ಇಲ್ಲಂದ್ರ ಮೇಳ ಹ್ಯಾಂಗ ಶೈಲಾ?”

ಶೈಲಾ ಪೇಟಿ ಇಳಿಸಿ ತಿದಿ ಒತ್ತಿದಳು. ಕೆಂಪು ಚುಕ್ಕೆ ನುಡಿಯಿತು. ಮೇಳ ಸುರ ಹಿಡಿಯಿತು. ಅವಳು ಪೇಟಿ ಮುಚ್ಚಿ ಮತ್ತೆ ಹೊತ್ತಳು.

“ಇಳೀಬ್ಯಾಡ್ರಿ,” ಅಂದಳು.

ಅವರು ಹಾಡುತ್ತ ಅವಳ ಹಿಂದೆ ನಡೆದರು. ಅಂಗಳಗಳಲ್ಲಿ ಮುಸುರೆ ತಿಕ್ಕುತ್ತಿದ್ದವರು ಎದ್ದು ನೋಡಿದರು. ಮುರಗೆಪ್ಪ ಗುಡಿಯ ಕಟ್ಟೆಯ ಮೇಲೆ ಚಹಾ ಕುಡಿಯುತ್ತಿದ್ದ.

“ಆಳು ಕಳಸ್ತಿದ್ನಲ್ಲವ್ವಾ. ಚಲೋ ಆತು, ಇಟ್ಟು ಹೋಗ್ರಿ. ಹಾಡು ಸಾಕು.”

ಹಾಡು ನಿಲ್ಲಲಿಲ್ಲ.

“ನೋಡ್ಕೋರಿ ಕಾಕಾ,” ಶೈಲಾ ಪೇಟಿಯನ್ನು ಅವನ ಮುಂದಿಟ್ಟು ತೆರೆದಳು. “ತಿದಿ ಗಟ್ಟಿ ಐತಿ. ಎಲ್ಲಾ ಪಟ್ಟಿ ನುಡೀತಾವು.”

“ಇದೇನು ಕೆಂಪ?”

“ಇರ್ಲಿ ಬಿಡ್ರಿ. ನಿಮಗ ಅದು ಹತ್ತೂದಿಲ್ಲ.”

ಅವಳು ಕೆಂಪು ಚುಕ್ಕೆಯನ್ನು ಒತ್ತಿ ನೋಡಿದಳು. ಪೇಟಿಯ ದನಿ ಎಲ್ಲಿ, ಹೆಂಗಸರ ದನಿ ಎಲ್ಲಿ ಎಂದು ಬೇರೆ ತಿಳಿಯಲಿಲ್ಲ. ಬೆರಳು ತೆಗೆದಳು. ತಿದಿ ಮಡಚಿ ಚಿಲಕ ಹಾಕಿದಳು.

ಮುರಗೆಪ್ಪ ಪೇಟಿಯ ಮೇಲೆ ಕೈಯಿಟ್ಟುಕೊಂಡು ಕುಳಿತಿದ್ದ. ಹಾಡು ಗುಡಿ ದಾಟಿತು. ಬೇವಿನ ಮರವನ್ನೂ ದಾಟಿತು.